ಸೀತನಿಯ ಕುಣಿ

“ಹೊತ್ತು ಮುಳುಗಿತು. ಆ ಕುಣ್ಯಾಗ ಬೆಂಕಿ ಹಾಕಬ್ಯಾಡ್ರಿ, ಅಳಿಯಾರ.”

ಪಕ್ಕೀರಪ್ಪನ ಮಾತಿಗೆ ಓಬಳೇಶ ನಕ್ಕ. ಬಳ್ಳಾರಿಯಲ್ಲಿ ಲಾರಿ ರಿಪೇರಿ ಮಾಡುವ ಅವನು ರೂಪನಗುಡಿಯ ಈ ಹೊಲಕ್ಕೆ ಬಂದದ್ದು ಇದೇ ಮೊದಲು.

“ಯಾಕ ಮಾವಾ?”

“ನಮ್ಮಜ್ಜನ ಕಾಲದಾಗ ಕೂಲ್ಯಾಕಿ ಒಬ್ಬಾಕಿ ಹಸಿದ ಕೂಸಿಗೆ ಈ ಕುಣ್ಯಾಗ ಸುಟ್ಟ ಎಳೆಜೋಳದ ಸೀತನಿ ಒಂದು ಬೊಗಸಿ ಕೇಳಿದ್ಲು. ಅಜ್ಜ ಕೊಳ್ಳಿ ಹಿಡಿದು ಓಡಿಸಿದ. ಕೂಸು ಬದುವಿನ ಮ್ಯಾಲ ಸತ್ತಿತು. ಆಕಿ ಮಾಟ ಬಲ್ಲಾಕಿ. ಕೂಸಿನ ಉಡದಾರ ಈ ಕುಣ್ಯಾಗ ಹೂತು ಶಾಪ ಹಾಕಿದ್ಲು. ಕತ್ತಲಾದ ಮ್ಯಾಲ ಇಲ್ಲಿ ಬೆಂಕಿ ಹಚ್ಚಿದವ್ರ ಸತ್ತ ಕೂಸು ಹಸಗೊಂಡು ಬರ್ತೈತಿ. ಉಣಿಸಿದವ್ರನ್ನ ಕರಕೊಂಡು ಹೋಗ್ತೈತಿ.”

“ಸತ್ತವ್ರಿಗೆ ಹಸುವೆಲ್ಲೀದು, ಮಾವಾ?”

ಪಕ್ಕೀರಪ್ಪ ಕುಣಿಯ ಪಕ್ಕ ಕೂತಿದ್ದ ಮಗಳು ಪಾರಮ್ಮನ ಮುಖ ನೋಡಿದ. ಅವಳು ಏಳಲಿಲ್ಲ. ಮುದುಕ ಒಬ್ಬನೇ ಊರಿನತ್ತ ನಡೆದ.

ಓಬಳೇಶನ ಹಟಕ್ಕೆ ಕಾರಣವಿತ್ತು. ನಾಲ್ಕು ವರ್ಷದ ಮಗಳು ಜಂಬಿ ಜ್ವರದಲ್ಲಿ ತೀರಿಕೊಂಡು ಆರು ತಿಂಗಳಾಗಿತ್ತು. ಅಂದಿನಿಂದ ಪಾರಮ್ಮ ಹೊಟ್ಟೆ ತುಂಬ ಉಂಡಿರಲಿಲ್ಲ. ಈ ದಿನ ಬೆಳಿಗ್ಗೆ ಅವಳಾಗಿಯೇ, “ಸೀತನಿ ತಿನ್ನಬೇಕನ್ನಸ್ತೈತ್ರಿ” ಎಂದಿದ್ದಳು. ದಾರಿಯಲ್ಲಿ ಬಸ್ಸು ಕೆಟ್ಟು ಹೊಲ ಮುಟ್ಟುವಷ್ಟರಲ್ಲಿ ಸಂಜೆ ಕಳೆದಿತ್ತು. ನಾಳೆಗೆ ಅವಳ ಆಸೆ ಉಳಿದೀತೆಂಬ ನಂಬಿಕೆ ಅವನಿಗಿರಲಿಲ್ಲ.

ಅವನು ಹಚ್ಚಿದ ಸಗಣಿ ಕುಳ್ಳು ಕುಣಿಯೊಳಗೆ ಕೆಂಪಗೆ ನಿಗಿನಿಗಿಸಿತು. ಹಾಲುಗಾಳಿನ ಜೋಳದ ತೆನೆಗಳು ಕೆಂಡದಲ್ಲಿ ಚಟಪಟಿಸಿದವು. ಸುಟ್ಟ ಹಸಿರಿನ ಸಿಹಿ ವಾಸನೆ ಎರೆಹೊಲದ ತಂಪಿನಲ್ಲಿ ಹರಡಿತು. ಬಿಸಿ ತೆನೆ ತಿಕ್ಕಿ, ಊದಿ, ಅವನು ಮೊರಕ್ಕೆ ಕಾಳು ಸುರಿದ. ಪಾರಮ್ಮ ಒಂದು ಹಿಡಿ ತೆಗೆದುಕೊಂಡಳು.

ಹುಳುಗಳ ಸದ್ದು ನಿಂತುಹೋಯಿತು.

ಜೋಳದ ಸಾಲಿನೊಳಗಿಂದ ಕೆಮ್ಮು. ಚಿಕ್ಕ ಕೆಮ್ಮು.

“ಅವ್ವಾ... ಹಸುವಾಗೈತಿ.”

ಪಾರಮ್ಮ ಎದ್ದಳು. ಅವಳ ಮುಖದಲ್ಲಿ ಭಯವಿರಲಿಲ್ಲ. “ಬಂದೆ, ನನ್ನವ್ವಾ.”

ಕೆಂಡದ ಬೆಳಕಿನಂಚಿಗೆ ಪುಟ್ಟ ಅಂಗೈ ಚಾಚಿಕೊಂಡಿತು. ಪಾರಮ್ಮ ಮುಷ್ಟಿ ಬಿಚ್ಚತೊಡಗಿದಳು. ಓಬಳೇಶ ಹಾರಿದ. ಅವಳ ಕೈಗೆ ಹೊಡೆದ. ಕಾಳು ಚೆಲ್ಲಿತು. ಕಾಲಿನಿಂದ ಮಣ್ಣು ಒದ್ದ. ಎರಡೂ ಕೈಯಲ್ಲಿ ಬಾಚಿ ಬಾಚಿ ಸುರಿದ. ಹೊಗೆ. ಬೂದಿ. ಅವನ ಮಣಿಕಟ್ಟನ್ನು ಏನೋ ಹಿಡಿಯಿತು. ಸುಡುತ್ತಿತ್ತು. ಜಂಬಿಯ ಕೊನೆಯ ರಾತ್ರಿಯ ಜ್ವರದ ಬಿಸಿ. ಆ ಬಿಸಿ ಅವನಿಗೆ ಗೊತ್ತಿತ್ತು.

“ಅಪ್ಪಾ, ಒಂದೀಟು...”

ಅವನು ಕೊಡವಿದ. ಹಿಡಿತ ಬಿಡಲಿಲ್ಲ. ಮತ್ತೆ ಕೊಡವಿದ. ಕೊನೆಯ ಕೆಂಡ ಆರಿತು. ಕತ್ತಲಲ್ಲಿ ಒಂದು ಅಳು ದೂರ ದೂರ ಸರಿದು ಹೋಯಿತು.

ಬೆಳಗಾದಾಗ ಪಾರಮ್ಮ ಬದುವಿನ ಮೇಲೆ ಕೂತಿದ್ದಳು, ಜೀವಂತ. ಅವಳು ಗಂಡನತ್ತ ತಿರುಗಿದಳು.

“ಅಲ್ಲಿ ಯಾರೂ ಇರ್ಲಿಲ್ಲ ಅಂತ ಹೇಳ್ರಿ.”

ಓಬಳೇಶ ಅಂಗೈಯ ಬೂದಿ ಒರೆಸಿಕೊಂಡ. “ಯಾರೂ ಇರ್ಲಿಲ್ಲ.”

ಅವನ ಮಣಿಕಟ್ಟಿನ ಮೇಲೆ ಜೋಳದ ಕಾಳಿನಷ್ಟು ಸಣ್ಣ ಬೊಬ್ಬೆಗಳು ನಾಲ್ಕು, ಸಾಲಾಗಿ. ಪಾರಮ್ಮ ಅವನ್ನು ಬಹಳ ಹೊತ್ತು ನೋಡಿದಳು. ಆಮೇಲೆ ಅವನ ಅಂಗಿಯ ತೋಳನ್ನು ಮೆಲ್ಲಗೆ ಕೆಳಗೆಳೆದು ಗುಂಡಿ ಹಾಕಿದಳು.