ಮಾತಿಗಿಂತ ಮೊದಲೆದ್ದ ಅಲೆ

ಮಂಗಳವಾರ ಬೆಳಿಗ್ಗೆ 10.20ಕ್ಕೆ ಠಾಣೆಗೆ ಬಂದ ಹೆಂಗಸು ಹೊಲಿಗೆ ಕೆಲಸದವರು. ಕುರ್ಚಿ ತೋರಿಸಿದರೂ ಕೂರಲಿಲ್ಲ. ಏಣಿಯಿಂದ ಬಿದ್ದ ಗಂಡ ಹನ್ನೊಂದು ತಿಂಗಳಿಂದ ಎಚ್ಚರವಿಲ್ಲದೆ ಮಲಗಿದ್ದಾರೆ. ಅವರನ್ನು ಇಟ್ಟುಕೊಂಡಿರುವ ಮಾತು-ಮಿದುಳು ಸಂಶೋಧನಾ ಕೇಂದ್ರದವರು ಮೋಸ ಮಾಡುತ್ತಿದ್ದಾರೆ ಎಂಬುದು ದೂರು.

"ಎಂಥ ಮೋಸ?" ಇನ್‌ಸ್ಪೆಕ್ಟರ್ ಕೇಳಿದರು.

"ಪ್ರತಿ ಶನಿವಾರ ಮನೆ ವಿಷಯ ಹತ್ತು ಸಾಲು ಬರೆದು ಕೊಡ್ತೀನಿ ಸಾರ್. ಅಲ್ಲಿ ಓದೋ ಕೆಲಸಕ್ಕೇ ಅಂತ ಒಬ್ಬಳಿದಾಳೆ, ಅವಳು ಇವರ ಕಿವಿ ಹತ್ರ ಓದ್ತಾಳೆ. ಅರ್ಥ ಆದ್ರೆ ಮಿದುಳಲ್ಲಿ ಅಲೆ ಏಳುತ್ತಂತೆ. ಅಲೆ ಎದ್ರೆ ಒಳಗೆ ಮನುಷ್ಯ ಇದಾನೆ ಅಂತ. ಇಷ್ಟು ದಿನ ಎದ್ದಿದೆ. ಹೋದ ವಾರ ಅವಳು ರಜ, ನಾನೇ ಓದಿದೆ. ಗೆರೆ ಮಲಗೇ ಇತ್ತು. ಕಟ್ಕೊಂಡ ಹೆಂಡ್ತಿ ಮಾತು ಕಿವಿಗೆ ಬೀಳಲ್ಲ, ಅವಳದು ಮಾತ್ರ ಬೀಳುತ್ತಾ?"

ಕಾನ್‌ಸ್ಟೆಬಲ್ ಕಿಸಕ್ಕನೆ ನಕ್ಕ. ಏನನ್ನೇ ಆದರೂ ನಿಮಿಷ ಸಮೇತ ಬರೆದುಕೊಳ್ಳುವ ಚಟದ ಅವನಿಗೆ ಠಾಣೆಯಲ್ಲಿ ಗಡಿಯಾರ ಎಂದೇ ಹೆಸರು.

"ನಗಬೇಡಿ. ಶುಕ್ರವಾರ ಡಾಕ್ಟರುಗಳ ಸಭೆ. ಅಲೆ ಇದ್ರೆ ಉಸಿರಾಟದ ಮೆಷಿನ್ ಇರುತ್ತೆ, ಇಲ್ದಿದ್ರೆ ತೆಗೀತಾರೆ. ಅವರು ಇದಾರೋ ಇಲ್ವೋ, ನನಗೆ ಅಷ್ಟು ಗೊತ್ತಾಗ್ಬೇಕು."

11.05ಕ್ಕೆ ಎಫ್‌ಐಆರ್ ಆಯಿತು.

ಮಧ್ಯಾಹ್ನ 1.15. ಕೇಂದ್ರದ ನಿರ್ದೇಶಕರ ಕೋಣೆಯ ಗೋಡೆಯ ಮೇಲೆ ಇದೇ ರೋಗಿಯ ಗ್ರಾಫು, ಬಾಗಿಲಷ್ಟು ದೊಡ್ಡದಾಗಿ.

"ಈ ರೋಗಿಯಿಂದ ಹೆಸರು ಬಂತು ಅಲ್ವಾ?"

"ವಿಜ್ಞಾನಕ್ಕೆ ಬಂತು."

"ಕೆಳಗೆ ನಿಮ್ಮ ಹೆಸರೇ ಇದೆಯಲ್ಲ. ಪರೀಕ್ಷೆ ನಡೆಯುವಾಗ ಇರ್ತೀರಾ?"

"ಯಾವಾಗ್ಲೂ."

ರಿಜಿಸ್ಟರ್ ಬೇರೆ ಹೇಳುತ್ತಿತ್ತು. ನಿರ್ದೇಶಕ ಸ್ವಾಮಿಗಳು ಐದು ತಿಂಗಳಿಂದ ಆ ಕೋಣೆಗೆ ಕಾಲಿಟ್ಟಿರಲಿಲ್ಲ. ಇನ್‌ಸ್ಪೆಕ್ಟರ ಅನುಮಾನ ಅಲ್ಲೇ ಬೇರುಬಿಟ್ಟಿತು.

ಓದುವಾಕೆ ಮೆಲುದನಿಯ ಹೆಂಗಸು. ಕೇಳಿದ್ದಕ್ಕಷ್ಟೇ ಉತ್ತರ.

"ರಜ ಯಾಕೆ?"

"ಜ್ವರ."

"ಅಲೆ ಹಿಡಿಯೋ ವೈರ್ ಟೋಪಿ ಎರಡಿದೆಯಲ್ಲ?"

"ಒಂದು ರೋಗಿಗೆ, ಒಂದು ನಂಗೆ. ಮೊದಲು ನಾನು ಹಾಕ್ಕೊಂಡು, ಓದಿ, ಮೆಷಿನ್ ಹದ ಮಾಡ್ತೀನಿ. ಆಮೇಲೆ ಗುಂಡಿ ತಿರುಗಿಸಿದ್ರೆ ಅದು ರೋಗಿ ತಲೇದು ತೋರಿಸುತ್ತೆ."

ಆಕೆ ಓದಿದ ಅಷ್ಟೂ ವಾರಗಳ ನಲವತ್ತಾರು ಹಾಳೆಗಳನ್ನು ಜಪ್ತಿ ಮಾಡಿ ತಂದರು. ಬುಧವಾರ 11.40ಕ್ಕೆ ಕಾನ್‌ಸ್ಟೆಬಲ್ ಗಡಿಯಾರ ಅಳತೆಪಟ್ಟಿ ಹಿಡಿದುಕೊಂಡು ಬಂದ.

"ಸಾರ್, ಮೇಲಿನ ಗೆರೆ ಓದಿದ ದನಿ, ಕೆಳಗಿಂದು ಮಿದುಳು. ಎಲ್ಲಾ ಹಾಳೇಲೂ ಮಿದುಳು ಮೊದಲು, ದನಿ ಆಮೇಲೆ. ಹೇಳೋಕೆ ಮುಂಚೇನೇ ಅರ್ಥ ಆಗಿದೆ! ನಮ್ಮಾಕೆ ಬಾಯಿ ತೆರೆಯೋ ಮೊದಲೇ ನಂಗೂ ಅರ್ಥ ಆಗುತ್ತೆ ಅನ್ನಿ, ಆದ್ರೆ ನಲವತ್ತಾರು ವಾರ ಒಂದೂ ತಪ್ಪದೆ ಆಗಲ್ಲ."

ಇನ್‌ಸ್ಪೆಕ್ಟರ್ ನಿರ್ದೇಶಕರಿಗೆ ಫೋನ್ ಮಾಡಿದರು. "ಓದೋರ ತಲೇಲಿ ಅಲೆ ಯಾವಾಗ ಏಳುತ್ತೆ?"

"ಓದೋರಿಗಾ? ಮಾತು ಬಾಯಿಗೆ ಬರೋಕೆ ಮುಂಚೆ..." ನಿರ್ದೇಶಕರು ಅಲ್ಲಿಗೇ ನಿಲ್ಲಿಸಿದರು. ಹಾಳೆಗಳನ್ನು ಗೋಡೆಗೆ ತೂಗುಹಾಕಿದ್ದರೇ ಹೊರತು ಸರಿಯಾಗಿ ನೋಡಿರಲಿಲ್ಲ.

ಗುರುವಾರ 3.30, ರೋಗಿಯ ಕೋಣೆ. ಲಿಫ್ಟ್ ನಡೆಸುವವನು ಮತ್ತು ಬಟ್ಟೆ ಒಗೆಯುವವನು ಪಂಚ ಸಾಕ್ಷಿಗಳು. ದೂರುದಾರರು ಮಂಚದ ಪಕ್ಕ ನಿಂತಿದ್ದರು. ಓದುವಾಕೆ ಎಂದಿನಂತೆ ಟೋಪಿ ಹಾಕಿಕೊಂಡು ಮೆಷಿನ್ ಹದ ಮಾಡಿದಳು.

"ಈಗ ಗುಂಡಿ ತಿರುಗಿಸಿ," ಇನ್‌ಸ್ಪೆಕ್ಟರ್ ಹೇಳಿದರು.

ಆಕೆಯ ಕೈ ಮೇಲೇಳಲಿಲ್ಲ. ನಿರ್ದೇಶಕರೇ ತಿರುಗಿಸಿದರು. ಗೆರೆ ಮಲಗಿತು.

"ವೈರ್ ನೋಡಿ," ಎಂದಳು ಓದುವಾಕೆ. ನೋಡಿದರು. "ಇನ್ನೊಂದ್ಸಲ ನೋಡಿ. ಟೋಪಿ ಒಳಗಡೆ ನೋಡಿ, ದಮ್ಮಯ್ಯ."

ಮೂರು ಸಲ ಪರೀಕ್ಷಿಸಿದರು. ವೈರು ಸರಿಯಿತ್ತು. ಹೆಂಡತಿ ಹತ್ತೂ ಸಾಲು ಓದಿದರು. ಗೆರೆ ಅಲುಗಲಿಲ್ಲ.

"ಅವರಿಗೆ ಕೇಳ್ತಿದೆ ಅಂತ ಯಾರಿಗೂ ಹೇಳದ್ದನ್ನೆಲ್ಲ ಬರೆದೆನಲ್ಲೇ!" ಹೆಂಡತಿ ಕೂಗಿಕೊಂಡರು. "ಎಲ್ಲಾ ನೀನು ಕೇಳಿಸ್ಕೊಂಡ್ಯಾ? ನಂಗೆ ಅಳೋದಕ್ಕೂ ಬಿಡ್ಲಿಲ್ಲವಲ್ಲೇ ನೀನು!"

"ತಪ್ಪಾಯ್ತು ಅಕ್ಕ," ಎಂದಳು ಓದುವಾಕೆ.

ನಲವತ್ತಾರು ವಾರವೂ ಗುಂಡಿ ತಿರುಗಿಸದೆ ತನ್ನ ತಲೆಯ ಅಲೆಯನ್ನೇ ರೋಗಿಯದೆಂದು ದಾಖಲಿಸಿದ್ದಳು. ವಂಚನೆ ಮತ್ತು ಸುಳ್ಳು ದಾಖಲೆ ಸೃಷ್ಟಿಸಿದ ಆರೋಪದ ಮೇಲೆ 4.50ಕ್ಕೆ ಬಂಧನ. ನಿರ್ದೇಶಕರ ಕೈವಾಡವೂ ಇರಬಹುದೆಂದು ಇನ್‌ಸ್ಪೆಕ್ಟರ್ ತಿರುಗಿಸಿ ತಿರುಗಿಸಿ ಕೇಳಿದರು. ಇಲ್ಲ ಎಂದಳು. ಯಾರೂ ದುಡ್ಡು ಕೊಟ್ಟಿರಲಿಲ್ಲ, ಹೇಳಿಕೊಟ್ಟಿರಲಿಲ್ಲ.

ಮೂರು ವರ್ಷದ ಹಿಂದೆ ಅದೇ ಮಂಚದ ಮೇಲೆ ಆಕೆಯ ತಾಯಿ ಮಲಗಿದ್ದರು. ಓದಿದವಳು ಮಗಳೇ. ಗೆರೆ ಏಳಲಿಲ್ಲ. ಅಲೆ ಇಲ್ಲವೆಂದು ಬರೆದು ಸಹಿ ಹಾಕಿದವಳೂ ಅವಳೇ. ಉಸಿರಾಟದ ಮೆಷಿನ್ ತೆಗೆದ ಮಾರನೇ ದಿನ ಟೋಪಿ ಒರೆಸುವಾಗ ಒಳಗಿನ ವೈರು ತುಂಡಾಗಿದ್ದು ಕಂಡಿತು. ಯಾರಿಗೂ ಹೇಳದೆ ಹೊಸದು ಹಾಕಿಸಿದಳು.

"ಆ ಮಂಚಕ್ಕೆ ಇವರು ಬಂದ್ರು. ಇವರ ಗೆರೇನೂ ಮಲಗಿತ್ತು. ಹಾಗಂತ ಬರೆಯೋಕೆ ಕೈ ಬರ್ಲಿಲ್ಲ ಸಾರ್."

ಇನ್‌ಸ್ಪೆಕ್ಟರ್ ಕೇಳಿದರು. "ವೈರ್ ಸರಿಯಿದ್ದಿದ್ರೆ ನಿಮ್ಮಮ್ಮಂದು ಎದ್ದಿರ್ತಿತ್ತಾ?"

"ಗೊತ್ತಿಲ್ಲ ಸಾರ್," ಎಂದಳು. "ಅದೇ ಗೊತ್ತಿಲ್ಲ."