ಖಾಲಿ ಹಾಳೆಯ ಹೆಬ್ಬೆಟ್ಟು

ನಲವತ್ತೊಂದು ಕೈ ಮೇಲೆದ್ದವು. ಅದರಲ್ಲಿ ಆಶೀಷನದೂ ಒಂದು.

ಶರ್ವರಿ ಆ ಕೈಯನ್ನೇ ನೋಡುತ್ತ ಕೂತಳು. ಮೂರು ವರ್ಷದಿಂದ ಪ್ರತಿ ಗುರುವಾರ ಖಾಜಾ ಮಿಯಾನ ಹೋಟೆಲಿನಲ್ಲಿ ಅವಳ ಕಡೆಗೆ ಚಹಾದ ಕಪ್ಪು ಸರಿಸಿದ ಕೈ ಅದು. ಅವಳ ವಕೀಲಿ ಕೋಟಿನ ಮೇಲಿನ ಬಿಳಿ ಬ್ಯಾಂಡು ಸೊಟ್ಟಗಾದರೆ ಅವನು ತನ್ನ ಕೊರಳು ಮುಟ್ಟಿಕೊಂಡು ತೋರಿಸುತ್ತಿದ್ದ, ಅವಳದನ್ನು ಎಂದೂ ಮುಟ್ಟಿದವನಲ್ಲ. ಬೇಕಂತಲೇ ಅವಳು ಸೊಟ್ಟಗೆ ಕಟ್ಟಿಕೊಂಡು ಬಂದ ಗುರುವಾರಗಳೂ ಇದ್ದವು. ಇವತ್ತು ಅದೇ ಕೈ ಒಬ್ಬ ಮುದುಕಿಯ ವಿರುದ್ಧ ಮೇಲೆದ್ದಿತ್ತು.

ವಕೀಲರ ಸಂಘದ ಠರಾವು ಇಷ್ಟೇ: ಹಿರಿಯ ವಕೀಲ ಗುರುನಾಥರಾಯರ ಮೇಲೆ ಆರೋಪ ಹೊರಿಸುತ್ತಿರುವ ಔರಾದ ಕಡೆಯ ಜನಾಬಾಯಿಯ ಪರ ಯಾರೂ ವಕಾಲತ್ತು ಹಾಕತಕ್ಕದ್ದಲ್ಲ. ಹಾಕಿದವರು ಸಂಘದಿಂದ ಹೊರಗೆ. ಕಾನೂನು ಓದಿದ ಇಷ್ಟು ಮಂದಿಯಲ್ಲಿ ಒಬ್ಬರಿಗೂ, ಅವಳು ಹೇಳುವುದು ನಿಜವೇ ಎಂದು ಕೇಳಬೇಕೆನಿಸಲಿಲ್ಲ. ಸಹಿ ಹಾಕಿದರು, ಸಮೋಸ ತಿಂದರು.

ಜನಾಬಾಯಿಯದು ಕುರಿ ಸಾಕುವ ಮನೆತನ. ಇದ್ದದ್ದು ಎಂಟು ಎಕರೆ, ಅದರ ಮೇಲೆ ಮೈದುನನ ದಾವೆ. ಆರು ಎಕರೆ ಮೈದುನನಿಗೆ ಬಿಟ್ಟುಕೊಡುವ ರಾಜಿ ಅರ್ಜಿಯನ್ನು ಅವಳ ವಕೀಲ ಗುರುನಾಥರಾಯರೇ ಕೋರ್ಟಿಗೆ ಕೊಟ್ಟಿದ್ದರು. ಕೆಳಗೆ ಅವಳ ಹೆಬ್ಬೆಟ್ಟು. ಅವಳಿಗೆ ಅದರ ಗಂಧಗಾಳಿಯೂ ಇಲ್ಲ. "ನಂಗ ಗೊತ್ತಿಲ್ಲರಿ ಸಾಹೇಬ್ರ" ಎಂದು ಅವಳು ಕೋರ್ಟಿನಲ್ಲಿ ಎದ್ದು ನಿಂತರೆ ರಾಯರು ನಕ್ಕು, "ಮುದುಕಿಗೆ ಕಿವಿ ಕೇಳಂಗಿಲ್ಲ ಸ್ವಾಮಿ, ಗಾಬರ್ಯಾಗ್ಯಾಳ" ಎಂದು ಕೂರಿಸಿಬಿಟ್ಟರು. ಮುಂದಿನ ಗುರುವಾರ ರಾಜಿ ದಾಖಲಾದರೆ ಹೊಲ ಕೈಬಿಟ್ಟಂತೆ.

ಮೀಟಿಂಗ್ ಮುಗಿದ ಮೇಲೆ ಆಶೀಷ ಹೋಟೆಲಿಗೆ ಹುಡುಕಿಕೊಂಡು ಬಂದ. ರಾಯರ ಆಫೀಸಿನ ಜೂನಿಯರ್ ಅವನು, ಭಾಲ್ಕಿಯಿಂದ ದಿನಾ ಬಸ್ಸಿಗೆ ಬರುತ್ತಿದ್ದ.

"ಸಿಟ್ಟಾಗೀರೇನ್ರಿ?"

"ನಿಮ್ಮ ಕೈ ನೋಯ್ತಿರ್ಬೇಕು. ಭಾಳ ಎತ್ತರ ಎತ್ತಿದ್ರಿ."

"ಎತ್ತಲಿಲ್ಲಂದ್ರ ನಾಳಿ ಆಫೀಸಿನ್ಯಾಗ ನನ್ನ ಕುರ್ಚಿ ಇರ್ತಿದ್ದಿಲ್ಲರಿ. ನಿಮಗೇನು, ಸ್ವಂತ ಪ್ರಾಕ್ಟೀಸು."

"ಸ್ವಂತ ಪ್ರಾಕ್ಟೀಸಂದ್ರ ನಾಲ್ಕು ಕೇಸು, ಒಂದು ಸ್ಕೂಟಿ. ಐದನೇ ಕೇಸು ಜನಾಬಾಯಿದು. ವಕಾಲತ್ತು ನಾ ಹಾಕ್ತೇನಿ."

ಅವನ ಚಹಾದ ಕಪ್ಪು ತುಟಿಯ ಹತ್ತಿರವೇ ನಿಂತಿತು. "ರಾಯರು ಎನ್‌ಓಸಿ ಕೊಡಂಗಿಲ್ಲರಿ."

ಅದೇ ಸಂಕಟ. ನನ್ನ ಅಡ್ಡಿಯಿಲ್ಲ ಎಂದು ಹಳೆಯ ವಕೀಲ ಸಹಿ ಮಾಡದೆ ಹೊಸಬರು ನಿಲ್ಲುವಂತಿಲ್ಲ. ಕೋರ್ಟಿನ ಅನುಮತಿ ಕೇಳಬಹುದು, ಅದಕ್ಕೂ ರಾಯರು ತಕರಾರು ತೆಗೆಯುತ್ತಾರೆ. ಮೋಸ ಮಾಡಿದವನ ಬಾಗಿಲಿಗೇ ಹೋಗಿ, ನಿನ್ನ ಮೇಲೆ ದೂರು ಹೇಳಲು ಅಪ್ಪಣೆ ಕೊಡು ಎಂದು ಕೈಚಾಚಬೇಕು. ಈ ರೂಢಿಗೆ ಬೆಂಕಿ ಬೀಳಲಿ ಅನಿಸಿತು ಶರ್ವರಿಗೆ.

"ಹೆಬ್ಬೆಟ್ಟು ತನ್ನದೇ ಅಂತಾಳ ಮುದುಕಿ ಆಯಿ," ಎಂದಳು. "ಆದ್ರ ಖಾಲಿ ಹಾಳಿ ಮ್ಯಾಲ ಒತ್ತಿದ್ದಂತ. ದೂರಿಂದ ಮತ್ತ ಮತ್ತ ಬರೋದು ಬ್ಯಾಡ ಅಂತ ಚಶ್ಮಾದ ಸಣ್ಣ ವಕೀಲ ಒತ್ತಿಸ್ಕೊಂಡನಂತ. ಬೆರಳು ಒರಸ್ಲಿಕ್ಕ ತನ್ನ ದಸ್ತಿ ಕೊಟ್ಟನಂತ. ಒಳ್ಳೇ ಹುಡುಗ ಅಂತ ಹೊಗಳ್ತಾಳ ಬ್ಯಾರೆ."

ಆಶೀಷ ಚಶ್ಮಾ ತೆಗೆದು ಮೇಜಿನ ಮೇಲಿಟ್ಟ. ಮೂರು ವರ್ಷದಲ್ಲಿ ಅವನ ನೋಟ ಅವಳಿಂದ ತಪ್ಪಿಸಿಕೊಂಡದ್ದು ಅದೇ ಮೊದಲು.

"ಅಂವ ನಾನೇರಿ. ಹಳ್ಳಿಯಿಂದ ಬಂದವ್ರು ಎಲ್ಲಾರದೂ ತಗೊಂಡು ಇಡ್ತೇವಿ. ತಾರೀಖು ಕೇಳೋ ಅರ್ಜಿಗೆ ಬೇಕಾಗ್ತದಂತ ರಾಯರು ಹೇಳಿದ್ರು. ನಾ ಯಾವತ್ತೂ ವಿಚಾರ ಮಾಡ್ಲಿಲ್ಲ."

"ಓದಲಿಕ್ಕ ಬರಲಾರದವ್ರ ಕೈ ಹಿಡಿದು ಒತ್ತಿಸುವಾಗೂ ವಿಚಾರ ಬರ್ಲಿಲ್ಲೇನ್ರಿ?" ಅವಳು ಹೆಲ್ಮೆಟ್ಟು ಎತ್ತಿಕೊಂಡಳು. "ನೀವು ಬ್ಯಾರೆ ಅಂತ ತಿಳ್ಕೊಂಡಿದ್ದೆ. ನೀವೂ ಆ ಗುಂಪಿನ್ಯಾಗಿನವ್ರೇ."

ಚಿದ್ರಿ ಬಡಾವಣೆಯ ತನ್ನ ಮನೆ ಮುಟ್ಟುವವರೆಗೆ ಹೆಲ್ಮೆಟ್ಟಿನೊಳಗೇ ಅತ್ತಳು. ಬೇರೆ ಯಾರು ಕೈ ಎತ್ತಿದ್ದರೂ ಅವಳು ಬೈದು ಮರೆಯುತ್ತಿದ್ದಳು. ಇವನನ್ನು ಪ್ರೀತಿಸಿದ್ದಳು, ಅದಕ್ಕೇ ಮರೆಯಲಾಗಲಿಲ್ಲ.

ಗುರುವಾರ ಅವಳು ವಕಾಲತ್ತು ಮುಂದಿಟ್ಟ ಕೂಡಲೇ ರಾಯರು ಎದ್ದರು. "ಎನ್‌ಓಸಿ ಎಲ್ಲಿ ಮೇಡಂ? ಇಷ್ಟೂ ಗೊತ್ತಿಲ್ಲೇನು?" ಬೆಂಚಿನ ಮೇಲಿದ್ದ ಕರಿಕೋಟುಗಳು ಮುಸಿಮುಸಿ ನಕ್ಕವು.

"ಹಿಂದಿನ ವಕೀಲರ ಒಪ್ಪಿಗೆ ಇಲ್ಲವಲ್ಲ?" ಎಂದರು ನ್ಯಾಯಾಧೀಶರು.

"ಇದೆ ಸ್ವಾಮಿ." ಹಿಂದಿನ ಸಾಲಿನಿಂದ ಆಶೀಷ ಮುಂದೆ ಬಂದ. "ಹಳೇ ವಕಾಲತ್ತಿನಲ್ಲಿ ನನ್ನ ಹೆಸರೂ ಇದೆ. ನಾನು ಒಪ್ಪಿಗೆ ಕೊಡುತ್ತೇನೆ."

ತಮ್ಮ ಆಫೀಸು ದೊಡ್ಡದಾಗಿ ಕಾಣಲೆಂದು ರಾಯರು ಪ್ರತಿ ವಕಾಲತ್ತಿನಲ್ಲೂ ಜೂನಿಯರುಗಳ ಹೆಸರು ಸೇರಿಸಿ ಸಹಿ ಹಾಕಿಸುತ್ತಿದ್ದರು. ಜೂನಿಯರಿಗೂ ಒಂದು ಬಾಯಿ ಇರುತ್ತದೆ ಎಂಬುದು ಅವರಿಗೆ ಮರೆತೇಹೋಗಿತ್ತು. ಆಶೀಷ ಅಲ್ಲೇ ಸಹಿ ಮಾಡಿದ. ಆಮೇಲೆ ಜೇಬಿನಿಂದ ತಾನು ಬರೆದು ತಂದ ಅಫಿಡವಿಟ್ಟು ತೆಗೆದ.

"ಆ ಹೆಬ್ಬೆಟ್ಟನ್ನು ಖಾಲಿ ಹಾಳೆಯ ಮೇಲೆ ತೆಗೆದುಕೊಂಡವನು ನಾನೇ, ಸ್ವಾಮಿ."

"ಇದರಿಂದ ನಿಮ್ಮ ವಕೀಲಿ ಸನದೇ ಹೋಗಬಹುದು, ಗೊತ್ತೇ?"

"ಗೊತ್ತದರಿ."

ನ್ಯಾಯಾಧೀಶರು ಜನಾಬಾಯಿಯನ್ನು ಹತ್ತಿರ ಕರೆದು ಮೆಲ್ಲಗೆ ಕೇಳಿದರು, "ನನ್ನ ಮಾತು ಕೇಳಿಸ್ತದೇನಮ್ಮ?"

"ಎರಡು ಹೊಲದಾಚಿ ಮರಿ ಒದರಿದ್ರೂ ಕೇಳಿಸ್ತದರಿ," ಎಂದಳು ಮುದುಕಿ. "ನನ್ನ ಮಾತೇ ಯಾರಿಗೂ ಕೇಳಿಸ್ವಲ್ದು."

ರಾಜಿ ದಾಖಲಾಗಲಿಲ್ಲ. ವಿಚಾರಣೆ ಎರಡು ತಿಂಗಳ ನಂತರ, ಮೊದಲ ಸಾಕ್ಷಿ ಆಶೀಷ. ಮಧ್ಯಾಹ್ನದೊಳಗೆ ಸಂಘ ಇಬ್ಬರನ್ನೂ ಹೊರಗೆ ಹಾಕಿತು. ಇಂಥ ಕೆಲಸಕ್ಕೆ ಮಾತ್ರ ತಾರೀಖು ಮುಂದೆ ಹೋಗುವುದಿಲ್ಲ.

ಹೊರಗೆ ಸ್ಕೂಟಿಯ ಹತ್ತಿರ ಆಶೀಷ ನಿಂತಿದ್ದ.

"ಮಾಫ್ ಮಾಡಿದ್ರೇನ್ರಿ?"

"ಮಾಫ್ ಮಾಡೋದು ನಂದಲ್ಲ, ಆಯೀದು."

ಅವನು ಹೋಗಿ ಜನಾಬಾಯಿಯ ಕಾಲು ಮುಟ್ಟಿದ. "ಹೊಲ ಉಳೀಲಿ, ಆಮ್ಯಾಲ ನೋಡಾಮ್," ಎಂದು ಅವಳು ಔರಾದ ಬಸ್ಸಿಗೆ ನಡೆದಳು.

ಅವನು ತಿರುಗಿ ಬಂದ. "ಶರ್ವರಿ, ಮೂರು ವರ್ಷದಿಂದ ಒಂದು ಮಾತು..."

"ಹೇಳಬ್ಯಾಡ್ರಿ. ನೀವೀಗ ನನ್ನ ಸಾಕ್ಷಿ. ಈ ವಕೀಲಬಾಯಿ ನಿಮಗ ಏನಾಗ್ಬೇಕು ಅಂತ ಎದುರಿನ ವಕೀಲ್ರು ಕೇಳೇ ಕೇಳ್ತಾರ."

"ಕಟಕಟಿಯಾಗ ನಿಂತು ಸುಳ್ಳು ಹೇಳಂಗಿಲ್ಲರಿ ಇನ್ನ. ಪ್ರೀತಿ ಮಾಡ್ತೇನಿ ಅಂತನ ಹೇಳ್ತೇನಿ."

ಅವಳ ಕಿವಿ ಬಿಸಿಯಾಯಿತು. ಸಿಟ್ಟು ಇನ್ನೂ ಇತ್ತು, ಅದರ ಪಕ್ಕದಲ್ಲೇ ಸುಖವೂ ಬಂದು ಕೂತಿತು. ಗೇಟಿನ ಹತ್ತಿರ ರಾಯರ ಗುಮಾಸ್ತ ಇವರನ್ನೇ ನೋಡುತ್ತಿದ್ದ. ಹುಡುಗಿಯ ಆಸೆಗೆ ಬಿದ್ದು ಸಾಕ್ಷಿ ಹೇಳಿದ ಎಂದು ನಾಳೆ ಎದುರಿನವರು ಹೇಳಿದರೆ ಕೇಸು ಮುಗಿಯಿತು.

"ಅದಕ್ಕ ಆಕಿ ಏನಂದ್ಲು ಅಂತ ಕೇಳಿದ್ರ?" ಎಂದ ಆಶೀಷ, ಕಣ್ಣಲ್ಲೇ ನಗುತ್ತ.

"ಇನ್ನೂ ಏನೂ ಅಂದಿಲ್ಲ ಅಂತ ಹೇಳ್ರಿ. ಅದು ಖರೇನೇ ಇರ್ಲಿ."

ಹೂಂ ಎಂಬುದು ಅವಳ ಬಾಯಿಯ ತನಕ ಬಂದಿತ್ತು. ಜನಾಬಾಯಿಯ ಆರು ಎಕರೆಗಾಗಿ ಅದನ್ನು ನುಂಗಿಕೊಂಡು, ಅವನ ಕಡೆ ನೋಡದೆ ಸ್ಕೂಟಿ ಚಾಲೂ ಮಾಡಿದಳು.