ಮೋಡದಾನೆಯ ಮೂರು ನಿಮಿಷ

"ಈ ರೀಲನ್ನ ನಿನ್ನ ಬಿಟ್ಟು ಬೇರೆ ಯಾರೂ ಸರಿಮಾಡಲ್ಲ."

ಮೂರು ವರ್ಷದ ನಂತರ ಅವನು ಆಡಿದ ಮೊದಲ ಮಾತು ಇದು! ಕ್ಷಮಿಸು ಅನ್ನಲಿಲ್ಲ, ಹೇಗಿದ್ದೀಯ ಅನ್ನಲಿಲ್ಲ...

ಹಳೆಯ ಫಿಲ್ಮ್ ದುರಸ್ತಿ ಮಾಡುವ ಅವಳ ಮೇಜಿನ ಮೇಲೆ ಡಬ್ಬಿಗಳನ್ನಿಟ್ಟ. ಮೋಡದಾನೆಯ ಸಿನಿಮಾ. ಕಳೆದುಹೋದ ಅಮ್ಮನನ್ನು ಹುಡುಕಲು ಅಕ್ಕ ತಮ್ಮ ಮೋಡದ ಆನೆಯೇರಿ ಹೊರಡುವ ಕಥೆ. ನಲವತ್ತು ವರ್ಷವಾದರೂ ಮನೆಮಂದಿಯೆಲ್ಲ ಒಟ್ಟಿಗೆ ಬಂದು ನೋಡುವ ಸಿನಿಮಾ.

"ಭಾನುವಾರ ಮಧ್ಯಾಹ್ನದ ಆಟ. ಒಂದು ಸೀಟೂ ಉಳಿದಿಲ್ಲ."

"ಇಟ್ಟು ಹೋಗು."

ಅವನು ಈಗ ಕೆಲಸ ಮಾಡುವ ಚಿತ್ರಮಂದಿರದ ಪ್ರೊಜೆಕ್ಟರನ್ನು ಅವಳ ಅಪ್ಪ ಮೂವತ್ತು ವರ್ಷ ನಡೆಸಿದ್ದ. ಇವನು ಅಪ್ಪನ ಶಿಷ್ಯ, ಅವಳನ್ನು ಮದುವೆಯಾಗಬೇಕಿದ್ದವನು. ಇದೇ ಸಿನಿಮಾ ನಡೆಯುವಾಗ, ಆನೆ ಮಕ್ಕಳನ್ನು ಬೀಳ್ಕೊಡುವ ದೃಶ್ಯದಲ್ಲಿ ಫಿಲ್ಮ್ ಸಿಕ್ಕಿಕೊಂಡು ಗೇಣುದ್ದ ಸುಟ್ಟುಹೋಯಿತು. "ಮುದುಕನಿಗೆ ಕಣ್ಣು ಕಾಣಲ್ಲ," ಎಂದು ಮಾಲೀಕರು ಎಲ್ಲರೆದುರು ಅಪ್ಪನನ್ನು ಹೊರಗೆ ಹಾಕಿದರು.

ಅಂದು ಪ್ರೊಜೆಕ್ಟರಿಗೆ ಫಿಲ್ಮ್ ಏರಿಸಿದ್ದು ಇವನು. ಬಾಯಿ ಬಿಡಲಿಲ್ಲ. ಅಪ್ಪ ಮತ್ತೆಂದೂ ಸಿನಿಮಾ ನೋಡಲಿಲ್ಲ.

'ನಿನಗೂ ಅದೇ ಗತಿ ಕಾಣಿಸ್ತೀನಿ... ಅದೇ ದೃಶ್ಯದಲ್ಲಿ!'

ಬೀಳ್ಕೊಡುಗೆಯ ಮೂರು ನಿಮಿಷ ಕತ್ತರಿಸಿ, ಅಷ್ಟೇ ಉದ್ದದ ಖಾಲಿ ಫಿಲ್ಮ್ ಅಂಟಿಸಿದಳು.

ಭಾನುವಾರ ಕೊನೆಯ ಸಾಲಿನಲ್ಲಿ ಕುಳಿತಳು. ಆ ದೃಶ್ಯ ಬಂತು. ಪರದೆ ಬೆಳ್ಳಗಾಯಿತು, ಸದ್ದು ನಿಂತಿತು. ಬೈಗುಳ ಏಳಲಿ ಎಂದು ಕಾದಳು.

ಮುಂದಿನ ಸಾಲಿನ ಅಜ್ಜಿಯೊಬ್ಬಳು ಆನೆಯ ದನಿ ತೆಗೆದಳು: "ನಾನೆಲ್ಲೂ ಹೋಗಲ್ಲ ಮಕ್ಕಳೇ..."

"ಬರೀ ಕಾಣಲ್ಲ, ಅಷ್ಟೆ!" ಬಾಲ್ಕನಿ ಪೂರ್ತಿ ಮಾಡಿತು.

ಆಮೇಲೆ ತಡೆಯುವವರಿಲ್ಲ. ಒಬ್ಬರು ಅಕ್ಕ, ಇನ್ನೊಬ್ಬರು ತಮ್ಮ.

"ಅಪ್ಪಾ, ಆನೆ ಎಲ್ಲಿ?" ಮಗುವೊಂದು ಕೇಳಿತು.

"ಬೆಳ್ಳಗೆ ಕಾಣ್ತಿಲ್ವಾ? ಅದೇ!"

ನಗು, ಅಳು, ಚಪ್ಪಾಳೆ. ಅವಳ ತುಟಿಯೂ ಮಾತು ಮಾತಿಗೆ ಅಲುಗುತ್ತಿತ್ತು. ಹಾಳು ಸಿನಿಮಾ! ಸೇಡನ್ನೂ ನುಂಗಿ ಹಾಕಿತು.

ಆಟ ಮುಗಿದೊಡನೆ ಮಾಲೀಕರು ಪ್ರೊಜೆಕ್ಟರ್ ಕೋಣೆಗೆ ನುಗ್ಗಿದರು. ಅವಳು ಹಿಂದೆಯೇ ಹೋದಳು.

"ಯಾರದಯ್ಯಾ ತಪ್ಪು?"

"ನನ್ನದು ಸಾರ್. ಮೂರು ವರ್ಷದ ಹಿಂದಿನದೂ ನನ್ನದೇ. ಅವತ್ತು ಫಿಲ್ಮ್ ಏರಿಸಿದ್ದು ನಾನು, ಮೇಷ್ಟ್ರಲ್ಲ. ಕೆಲಸ ಹೋಗುತ್ತೆ ಅಂತ ಹೆದರಿ ಸುಮ್ಮನಾದೆ."

"ಇವತ್ತಿನದು ನನ್ನದು," ಕತ್ತರಿಸಿದ ಸುರುಳಿಯನ್ನು ಅವಳು ಮೇಜಿಗೆ ಕುಕ್ಕಿದಳು. "ನಾನು ತೀರಿಸಿದ ಸೇಡನ್ನ ಇವನು ತನ್ನ ತಲೆ ಮೇಲೆ ಹಾಕ್ಕೊಳ್ಳೋದು ಬೇಡ."

"ನಿಮ್ಮ ಜಗಳಕ್ಕೆ ನನ್ನ ಥಿಯೇಟರೇ ಬೇಕಿತ್ತೇನ್ರೋ!" ಮಾಲೀಕರು ಹಣೆ ಚಚ್ಚಿಕೊಂಡು ಹೊರಟರು. ಎರಡು ಮೆಟ್ಟಿಲು ಇಳಿದು ನಿಂತು, ತಗ್ಗಿದ ದನಿಯಲ್ಲಿ ಅಂದರು, "ನಾಳೆ ನಾನೇ ಮೇಷ್ಟ್ರ ಹತ್ರ ಬರ್ತೀನಮ್ಮಾ."

"ನಾನು ಕತ್ತರಿಸಿದ್ದು ನಿನಗೆ ಮೊದಲೇ ಗೊತ್ತಿತ್ತಾ?" ಅವಳು ಅವನನ್ನು ಕೇಳಿದಳು.

"ಬೆಳಿಗ್ಗೆಯೇ ಹೊಸ ಅಂಟು ಬೆರಳಿಗೆ ಸಿಕ್ತು, ಬೆಳಕಿಗೆ ಹಿಡಿದರೆ ಖಾಲಿ ಫಿಲ್ಮ್. ಈಗ ಪ್ರತಿ ರೀಲೂ ಕೈಯಲ್ಲಿ ಸವರಿಯೇ ಏರಿಸೋದು."

"ಮತ್ತೆ ಯಾಕೆ ಓಡಿಸಿದೆ?"

"ನೀನು ಕೊಟ್ಟ ಶಿಕ್ಷೆ. ತಡೆಯೋಕೆ ನಾನ್ಯಾರು?... ನಿನ್ನ ಬಿಟ್ಟು ಇರೋದು ಇವತ್ತಿಗೂ ಅಭ್ಯಾಸ ಆಗಿಲ್ಲ ಕಣೇ."

ಅವಳ ಸಿಟ್ಟು ಇಳಿದಿರಲಿಲ್ಲ. ಪ್ರೀತಿಯೂ ಇಳಿದಿರಲಿಲ್ಲ, ಅದಕ್ಕೇ ಸಿಟ್ಟು.

"ಈಗಲೇ ಮನೆಗೆ ನಡಿ. ಅಪ್ಪನ ಮುಂದೆ ಹೇಳು."

"ಹೊಡೆದರೆ?"

"ತಿನ್ನು. ಆಮೇಲೆ ನನ್ನ ಸರದಿ."

"ನಿನ್ನದು ಎಷ್ಟು ದಿನ?"

"ಜೀವನಪೂರ್ತಿ!" ಅಂದಳು, ಅವನ ಕೈ ಬಿಗಿಯಾಗಿ ಹಿಡಿದು. "ತಪ್ಪಿಸಿಕೋ ನೋಡೋಣ."